ಕಾಲ ತಿರುಗಿಸುವ ರಾಗಕ್ಕೆ ನಾಲ್ಕೇ ತೂತು

ಜೆಲ್ಡಾ ವಿಡಿಯೊ ಗೇಮ್ ಸರಣಿಯ 1998ರ ಆಟ ಆಡಿದವರಿಗೆ ಒಕರಿನಾ ಅಂದರೆ ಕಾಲವನ್ನೇ ಹಿಂದೆಮುಂದೆ ಮಾಡುವ ನೀಲಿ ವಾದ್ಯ. ಅಸಲಿಗೆ ಆ ಆಟದಲ್ಲಿ ನಾಯಕ ಏಳು ವರ್ಷ ಮುಂದಕ್ಕೆ ಹೋಗುವುದು ಕತ್ತಿ ಕಿತ್ತಾಗ. ಅದರಲ್ಲಿ ಒಕರಿನಾದ ಪಾಲು ಕತ್ತಿಯ ಕೋಣೆಯ ಬಾಗಿಲು ತೆರೆಸುವುದಷ್ಟೇ. ಅದರ ಪೂರ್ತಿ ಪ್ರತಾಪ ಕಾಣುವುದು 2000ರಲ್ಲಿ ಬಂದ ಮುಂದಿನ ಆಟದಲ್ಲಿ: ಆರು ಸ್ವರ ಊದಿದರೆ ಮೂರು ದಿನಗಳ ಸುತ್ತು ಮತ್ತೆ ಮೊದಲ ದಿನದ ಬೆಳಗಿನಿಂದ ಶುರು.

ಆಟದಲ್ಲಿರುವುದು ಐದು ಗುಂಡಿ, ಐದು ಸ್ವರ. ಹಾರ್ಮೋನಿಯಂನ ಬಿಳಿ ಎರಡನ್ನು (D) ಷಡ್ಜ, ಅಂದರೆ ಸ, ಮಾಡಿಕೊಂಡರೆ ಅವು ಸ, ಸಾಧಾರಣ ಗಾಂಧಾರ, ಪ, ಚತುಶ್ರುತಿ ಧೈವತ, ಮೇಲಿನ ಸ. ಕಾಲದ ರಾಗ: ಪ ಸ ಗ, ಪ ಸ ಗ. ಹಿಂದುಮುಂದಾಗಿ ಗ ಸ ಪ, ಗ ಸ ಪ ಊದಿದರೆ ಕಾಲ ನಿಧಾನ. ಪ ಪ ಸ ಸ ಗ ಗ ಅಂದರೆ ಮುಂದಿನ ಸಂಜೆಗೋ ಬೆಳಗಿಗೋ ನೆಗೆತ. ಇಷ್ಟಕ್ಕೆ ಇಟಲಿ ಮಾದರಿಯ ಹತ್ತು ತೂತಿನ ವಾದ್ಯ ಯಾಕೆ? ನಾಲ್ಕು ತೂತು ಸಾಕು, ಅಂಥ ಪೊಳ್ಳು ಒಕರಿನಾವನ್ನು ಮಣ್ಣಿನಲ್ಲಿ ನಾವೇ ಮಾಡಿಕೊಳ್ಳಬಹುದು.

ಕೊಡಗಿನ ತೋಟದ ಕೆಂಪು ಮಣ್ಣು ಹರಳು ಹರಳು, ಬೇಡ. ಗದ್ದೆಯ ಅಡಿಯ ಜೇಡಿಯನ್ನು ನೀರಲ್ಲಿ ಕದಡಿ, ಬಟ್ಟೆಯಲ್ಲಿ ಸೋಸಿ, ತಂಗಲು ಬಿಟ್ಟು ಹದ ಮಾಡಿ. ಹಸಿ ಪಟ್ಟಿಯೊಂದರ ಮೇಲೆ 10 ಸೆಂ.ಮೀ. ಗೆರೆ ಎಳೆದಿಟ್ಟರೆ ಮಣ್ಣು ಎಷ್ಟು ಕುಗ್ಗುತ್ತದೆ ಅನ್ನುವುದು ಆಮೇಲೆ ತಿಳಿಯುತ್ತದೆ. 5 ಮಿ.ಮೀ. ದಪ್ಪದ ಎರಡು ಬಟ್ಟಲು ಮಾಡಿ, ಅಂಚು ಗೀರಿ, ಮಣ್ಣುನೀರು ಸವರಿ ಅಂಟಿಸಿ. ಒಳಗಿನ ಪೊಳ್ಳು ದೊಡ್ಡ ನಿಂಬೆಹಣ್ಣಿನಷ್ಟು, ಸುಮಾರು 40 ಮಿ.ಲೀ.

ಎಲ್ಲರೂ ಸೋಲುವುದು ಬಾಯಿಯ ಹತ್ತಿರ. ಐಸ್‌ಕ್ರೀಂ ಕಡ್ಡಿ ತೂರಿಸಿ ಗಾಳಿದಾರಿ ಮಾಡಿ. ಅದು ಮುಗಿಯುವಲ್ಲಿ 8 ಮಿ.ಮೀ. ಅಗಲ, 6 ಮಿ.ಮೀ. ಉದ್ದದ ಕಿಟಕಿ ಕೊಯ್ದು, ಕಡ್ಡಿಗೆ ಎದುರಾಗಿರುವ ಅಂಚನ್ನು 45 ಡಿಗ್ರಿ ಇಳಿಜಾರಾಗಿ ಚೂಪು ಮಾಡಿ. ಕಡ್ಡಿ ತೆಗೆದು ಗಾಳಿದಾರಿಯೊಳಗೆ ಒಂದು ಕಣ್ಣಿಟ್ಟು ನೋಡಿ: ಆ ಅಂಚು ದಾರಿಯ ನಟ್ಟನಡುವೆ ಕೂದಲೆಳೆಯಂತೆ ಕಾಣಬೇಕು. ಮೇಲೆ ಹೋದರೂ ಕೆಳಗಿಳಿದರೂ ಬರೀ ಬುಸ್ ಅನ್ನುತ್ತದೆ, ನಾದ ಹುಟ್ಟುವುದಿಲ್ಲ. ಅಂಚಿಗೆ ಅಂಟಿದ ಸಾಸಿವೆಯಷ್ಟು ಮಣ್ಣೂ ಸಾಕು ಕೆಡಿಸಲು.

ಕೊಳಲಿನ ಅಭ್ಯಾಸ ಇದ್ದವರು ತೂತಿನ ಜಾಗ ಅಳೆಯಲು ಕೂರುತ್ತಾರೆ. ಇಲ್ಲಿ ಜಾಗ ಮುಖ್ಯವಲ್ಲ, ಬೆರಳಿಗೆ ಸಿಕ್ಕರಾಯಿತು. ಶ್ರುತಿ ನಿಂತಿರುವುದು ಪೊಳ್ಳಿನ ಗಾತ್ರ ಮತ್ತು ತೆರೆದ ತೂತುಗಳ ಒಟ್ಟು ವಿಸ್ತಾರದ ಮೇಲೆ. ಎಲ್ಲ ಮುಚ್ಚಿದರೆ ಸ. ಒಂದೊಂದಾಗಿ ತೆರೆಯುತ್ತ ಹೋದಂತೆ ಗ, ಪ, ದ, ಮೇಲಿನ ಸ. ಮೊದಲ ತೂತಿನ ವಿಸ್ತಾರ 1 ಅಂದುಕೊಂಡರೆ ಎರಡನೆಯದು ಸುಮಾರು 2, ಮೂರನೆಯದು 1.4, ನಾಲ್ಕನೆಯದು 2.8. ಮೂರನೆಯದು ಎರಡನೆಯದಕ್ಕಿಂತ ಚಿಕ್ಕದು ಯಾಕೆಂದರೆ ಪಂಚಮದಿಂದ ಧೈವತಕ್ಕೆ ಎರಡೇ ಅರ್ಧಸ್ವರ. ಎಲ್ಲವನ್ನೂ 3 ಮಿ.ಮೀ.ಯಿಂದ ಶುರು ಮಾಡಿ, ಮೊಬೈಲಿನ ಟ್ಯೂನರ್ ನೋಡುತ್ತ ಹಿಗ್ಗಿಸಿ. ಹೆಚ್ಚಾದರೆ ಅದೇ ಹಸಿಮಣ್ಣು ಮೆತ್ತಿ ಮತ್ತೆ ಕೊರೆಯಬಹುದು.

ಈ ಶ್ರುತಿ ಕೆಲಸವನ್ನು ಉಗುರು ಒತ್ತಿದರೆ ಗುರುತು ಬೀಳುವ, ಆದರೆ ಬಾಗದ ಹದದಲ್ಲಿ ಮಾಡಬೇಕು. ಆಗ ಷಡ್ಜವನ್ನು ಬಿಳಿ ಎರಡಕ್ಕೆ ಇಟ್ಟರೆ ಕೆಟ್ಟಿರಿ. ಅಲ್ಲಿಂದ ಸುಟ್ಟು ಮುಗಿಯುವ ಹೊತ್ತಿಗೆ ಮಣ್ಣು ಇನ್ನೂ 6% ಕುಗ್ಗಿದರೆ ಶ್ರುತಿ ಹೆಚ್ಚುಕಮ್ಮಿ ಒಂದು ಅರ್ಧಸ್ವರ ಏರುತ್ತದೆ. ಹಾಗಾಗಿ ಅರ್ಧಸ್ವರ ಕೆಳಗಿನ ಕಪ್ಪು ಒಂದಕ್ಕೆ (C#) ನಿಲ್ಲಿಸಿ.

ಮಳೆಗಾಲದಲ್ಲಿ ಕೈ ಹಾಕದಿರುವುದೇ ವಾಸಿ. ಜುಲೈನ ಮಡಿಕೇರಿಯಲ್ಲಿ ಬಟ್ಟೆಯೇ ಒಣಗುವುದಿಲ್ಲ, ಇನ್ನು ಮುಚ್ಚಿದ ಪೊಳ್ಳಿನ ಒಳಮೈ ಒಣಗೀತೇ? ಅವಸರಕ್ಕೆ ಒಲೆ ಪಕ್ಕ ಇಟ್ಟರೆ ಒಂದು ಮಗ್ಗುಲು ಮೊದಲು ಕುಗ್ಗಿ ಬೆಸುಗೆ ಬಿಡುತ್ತದೆ. ಕಾಗದ ಸುತ್ತಿ, ಒಲೆಯ ಮೇಲಿನ ಅಟ್ಟದಲ್ಲಿ ಎರಡು ವಾರ ಬಿಡಿ. ಕೆನ್ನೆಗೆ ಒತ್ತಿದಾಗ ತಣ್ಣಗಿದ್ದರೆ ಒಳಗೆ ಇನ್ನೂ ತೇವ ಇದೆ. ಅದನ್ನು ಬೆಂಕಿಗಿಟ್ಟರೆ ಆವಿ ಉಬ್ಬಿ ಸಿಡಿಯುತ್ತದೆ. ಗುಂಡಿಯಲ್ಲಿ ಭತ್ತದ ಹೊಟ್ಟು ತುಂಬಿ ರಾತ್ರಿಯಿಡೀ ಮೆಲ್ಲಗೆ ಉರಿಸಿ, ತಾನಾಗಿ ಆರಿದ ಮೇಲೆ ತೆಗೆಯಿರಿ.

ಊದುವಾಗ ಕೊಂಬಿನವರ ಉಸಿರು ಬೇಡ. ಜೋರು ಮಾಡಿದಷ್ಟೂ ಶ್ರುತಿ ಮೇಲೇರುತ್ತದೆ. ಡಿಸೆಂಬರ್ ಬೆಳಗಿನ ಚಳಿಗೆ ಅದೇ ವಾದ್ಯ ತುಸು ಇಳಿದು ನುಡಿಯುತ್ತದೆ, ಗಾಳಿದಾರಿಯಲ್ಲಿ ಉಸಿರಿನ ನೀರೂ ಕಟ್ಟಿಕೊಳ್ಳುತ್ತದೆ. ಹತ್ತು ನಿಮಿಷ ಸ್ವೆಟರ್ ಜೇಬಿನಲ್ಲಿಟ್ಟು ಬೆಚ್ಚಗೆ ಮಾಡಿ, ಆಮೇಲೆ ಊದಿ.