ಗಿರಿಯಲ್ಲಿ ನೆರಳಿಗೊಂದು ಬಣ್ಣದ ಬಳೆ

ಚಿಕ್ಕಮಗಳೂರಲ್ಲಿ ಮೂರು ದಿನ ಇದ್ದೆವು. ಬರೆಯಲೇಬೇಕು ಅನಿಸಿದ್ದು ಮುಳ್ಳಯ್ಯನಗಿರಿ ತುದಿಯ ಹತ್ತು ನಿಮಿಷದ ಬಗ್ಗೆ. ಹಿರೇಕೊಳಲೆ ಕೆರೆ ಇಷ್ಟವಾಯಿತು. ಝರಿ ಫಾಲ್ಸ್ ಗಲಾಟೆ ನನಗೆ ಹಿಡಿಸಲಿಲ್ಲ.

ಜೊತೆಗೆ ಅಕ್ಕನ ಮಗಳು ಇದ್ದಳು, ಒಂಬತ್ತು ವರ್ಷದವಳು. ಅವಳ ಹತ್ತಿರ ಒಂದು ನೋಟ್‌ಬುಕ್ ಇದೆ. ಅದರ ತುಂಬಾ ಝುಮ್ಮಿ ಅನ್ನೋ ಗ್ರಹ. ಪೂರ್ತಿ ಅವಳದೇ ಕಲ್ಪನೆ. ಅಲ್ಲಿ ಎರಡು ಸೂರ್ಯ, ನೇರಳೆ ಬಣ್ಣದ ಹೊಳೆ. ಗಿರಿಯಲ್ಲಿ ಕುರಿಂಜಿ 12 ವರ್ಷಕ್ಕೊಮ್ಮೆ ಅರಳುತ್ತೆ ಅಂತ ದಾರಿಯಲ್ಲಿ ಹೇಳಿದೆ ನೋಡಿ, ತಕ್ಷಣ ಝುಮ್ಮಿಯ ಆಕಾಶವೂ 12 ವರ್ಷಕ್ಕೊಮ್ಮೆ ಹೊಳೆಯೋಕೆ ಶುರುವಾಯಿತು. ಹೇಗೆ ಹೊಳೆಯುತ್ತೆ ಅಂತ ಮಾತ್ರ ಅವಳಿಗಿನ್ನೂ ತೋಚಿರಲಿಲ್ಲ. ಆ ಪುಟ ಖಾಲಿ ಬಿಟ್ಟಿದ್ದಳು.

ಮೊದಲ ಬೆಳಿಗ್ಗೆ ಸುಮ್ನೆ ಹಾಳಾಯಿತು. ಐದೂವರೆಗೆ ಬರಬೇಕಿದ್ದ ಜೀಪು ಬಂದಿದ್ದು ಎಂಟಕ್ಕೆ. ಕೈಮರದ ಚೆಕ್‌ಪೋಸ್ಟ್ ಮುಟ್ಟಿದಾಗ ಗಾಡಿಗಳ ಸಾಲು. ಮೇಲೆ ಹೋದರೆ ಮಂಜು ಮುಚ್ಚಿಕೊಂಡು ಮುಂದಿನ ಮೆಟ್ಟಿಲೂ ಕಾಣುತ್ತಿರಲಿಲ್ಲ. ದುಡ್ಡು ಪೂರ್ತಿ ಹಿಂದಿನ ರಾತ್ರಿಯೇ ಕೊಟ್ಟುಬಿಟ್ಟಿದ್ದೆ. ನೆನೆಸಿಕೊಂಡರೆ ಈಗಲೂ ಹೊಟ್ಟೆ ಉರಿಯುತ್ತೆ. ನೀವು ಹೋದರೆ ಅಡ್ವಾನ್ಸ್ ಅಂತ ಸ್ವಲ್ಪ ಕೊಡಿ, ಉಳಿದಿದ್ದನ್ನ ಇಳಿದ ಮೇಲೆ ಕೊಡಿ. ಶನಿವಾರ, ಭಾನುವಾರ ಬೇಡವೇ ಬೇಡ.

ಮಾರನೇ ದಿನ ನಮ್ಮ ಕಾರಲ್ಲೇ ಹೊರಟೆವು. ಡಿಸೆಂಬರ್ ಚಳಿ. ಮೆಟ್ಟಿಲು ಹತ್ತಿ, ಮುಳ್ಳಪ್ಪ ಸ್ವಾಮಿಗೆ ಕೈಮುಗಿದು, ಪಡುವಣ ಅಂಚಿಗೆ ಬಂದು ನಿಂತೆವು. 1,930 ಮೀಟರ್, ರಾಜ್ಯದಲ್ಲೇ ಎತ್ತರದ ಜಾಗ. ಬೆನ್ನ ಮೇಲೆ ಎಳೆ ಬಿಸಿಲು. ಕೆಳಗೆ ಕಣಿವೆ ತುಂಬಾ ಮಂಜು, ಉಕ್ಕಿದ ಹಾಲಿನ ಹಾಗೆ. ನಮ್ಮಿಬ್ಬರ ನೆರಳು ಅದರ ಮೇಲೆ ಉದ್ದಕ್ಕೆ ಬಿದ್ದಿತ್ತು. ನನ್ನ ನೆರಳಿನ ತಲೆಯ ಸುತ್ತ ಒಂದು ಬಣ್ಣದ ಬಳೆ. ಹೊರಗಡೆ ಕೆಂಪು, ಒಳಗಡೆ ನೀಲಿ. ಅದರಾಚೆ ಇನ್ನೊಂದು, ಸ್ವಲ್ಪ ಮಾಸಲು. ಮಂಜು ಸರಿದಾಡಿದರೂ ಬಳೆ ಅಲ್ಲಾಡಲಿಲ್ಲ. ನಾನು ಉಸಿರು ಬಿಗಿಹಿಡಿದು ನಿಂತೆ.

"ಚಿಕ್ಕಮ್ಮ, ನನ್ ತಲೆ ಸುತ್ತ ಕಾಮನಬಿಲ್ಲು!"

"ನಿನಗಲ್ಲ ಕಣೇ, ನನಗೆ. ಸರಿಯಾಗಿ ನೋಡು."

"ಇಲ್ಲ! ನಿನ್ನ ನೆರಳು ಬರೀ ಕಪ್ಪು. ನನ್ನದಕ್ಕೇ ಇರೋದು."

"ಪುಟ್ಟಿ, ನಿನ್ನ ತಲೆ ಹತ್ತಿರ ಏನೂ ಇಲ್ಲ."

ಅವಳ ಕಣ್ಣಲ್ಲಿ ನೀರು ಬಂತು. ನಾನು ಸುಳ್ಳು ಹೇಳ್ತಿದ್ದೀನಿ ಅಂದುಕೊಂಡಳು. ಆಗ ನನಗೆ ಹೊಳೆಯಿತು, ಇಬ್ಬರೂ ನಿಜವೇ ಹೇಳುತ್ತಿದ್ದೆವು.

ಇದಕ್ಕೆ ಗ್ಲೋರಿ ಅಂತಾರೆ. ಮಂಜಿನ ಹನಿ ಕೂದಲೆಳೆಗಿಂತ ಸಣ್ಣದು. ಒಳಹೊಕ್ಕ ಬೆಳಕು ಹೆಚ್ಚುಕಡಿಮೆ ಬಂದ ದಾರಿಗೇ ವಾಪಸ್ ತಿರುಗುತ್ತೆ, ತಿರುಗುವಾಗ ಬಣ್ಣಬಣ್ಣವಾಗಿ ಒಡೆಯುತ್ತೆ. ಹಾಗಾಗಿ ಬಳೆಯ ನಡುಮಧ್ಯ ಯಾವಾಗಲೂ ನೋಡುವವರ ಕಣ್ಣಿಗೆ ನೇರ ಎದುರಿಗೇ, ಅಂದರೆ ಅವರವರ ನೆರಳಿನ ತಲೆಯ ಮೇಲೇ. ಪಕ್ಕದವರ ಬಳೆ ನಮಗೆ ಕಾಣೋದೇ ಇಲ್ಲ. ಮಂಜಿನ ಮೇಲೆ ಬೀಳುವ ದೊಡ್ಡ ನೆರಳಿಗೆ ಬ್ರೋಕನ್ ಭೂತ ಅನ್ನೋ ಹೆಸರಿದೆ. ಜರ್ಮನಿಯ ಬ್ರೋಕನ್ ಬೆಟ್ಟದಲ್ಲಿ ಕಂಡಿದ್ದನ್ನ 1780ರಲ್ಲಿ ಬರೆದಿಟ್ಟರು, ಹೆಸರು ಹಾಗೆ ಬಂತು. ಸ್ಕಾಟ್ಲೆಂಡಿನ ಬೆನ್ ನೆವಿಸ್ ಬೆಟ್ಟದಲ್ಲಿ 1894ರಲ್ಲಿ ಇಂಥದ್ದೇ ನೋಡಿ ವಿಲ್ಸನ್ ಅನ್ನೋ ವಿಜ್ಞಾನಿ ಮರುಳಾದರು. ಅದನ್ನ ಲ್ಯಾಬಿನಲ್ಲಿ ಮಾಡಿ ನೋಡಲು ಹೊರಟವರು ಕ್ಲೌಡ್ ಚೇಂಬರ್, ಅಂದರೆ ಒಳಗೇ ಮೋಡ ಹುಟ್ಟಿಸುವ ಉಪಕರಣ, ಕಟ್ಟಿದರು. ಅದಕ್ಕೆ 1927ರಲ್ಲಿ ನೊಬೆಲ್ ಬಂತು. ಆ ಮರುಳು ಎಂಥದ್ದು ಅಂತ ನನಗೆ ಆ ಬೆಳಿಗ್ಗೆ ಅರ್ಥವಾಯಿತು.

ಅವಳಿಗೆ ಇದೆಲ್ಲ ಹೇಳಿದರೆ ನಂಬಲಿಲ್ಲ. ಫೋನ್ ಕೊಟ್ಟೆ. ಕೈ ಪಕ್ಕಕ್ಕೆ ಚಾಚಿ ಫೋಟೋ ತೆಗೆದಳು. ಫೋಟೋದಲ್ಲಿ ಬಳೆ ಅವಳ ತಲೆ ಬಿಟ್ಟು, ಫೋನ್ ಹಿಡಿದ ಕೈಯ ನೆರಳಿಗೆ ಹೋಗಿ ಕೂತಿತ್ತು! ಆಗ ಫೋನ್ ನನ್ನ ಕೈಗೆ ತುರುಕಿ, ಓಡಿಬಂದು ನನ್ನ ಕೆನ್ನೆಗೆ ಕೆನ್ನೆ ಒತ್ತಿ ನಿಂತಳು. ಅವಳ ಮೂಗು ಮಂಜುಗಡ್ಡೆ ಹಾಗೆ ತಣ್ಣಗಿತ್ತು. ನೆರಳಲ್ಲಿ ಎರಡು ತಲೆ ಸೇರಿ ಒಂದಾಯಿತು.

"ಈಗ ನಿನಗೂ ಕಾಣ್ತಿದೆಯಾ?"

"ಹೂಂ, ಇಬ್ಬರನ್ನೂ ಸುತ್ತಿದೆ."

"ನನಗೂ ಹಂಗೇ."

ಅಷ್ಟರಲ್ಲಿ ಮಂಜು ಮೇಲೆದ್ದು ಬಂತು. ಬಿಸಿಲೂ ಹೋಯಿತು, ನೆರಳೂ ಹೋಯಿತು.

ಸಂಜೆ ಹೋಮ್‌ಸ್ಟೇ ಜಗಲಿಯಲ್ಲಿ ಕಡುಬು, ಕಾಯಿಚಟ್ನಿ ಕೊಟ್ಟರು. ಇಡೀ ಪ್ರವಾಸದಲ್ಲಿ ಅಷ್ಟು ರುಚಿಯಾದ್ದು ಬೇರೆ ತಿನ್ನಲಿಲ್ಲ. ಅವಳು ಮಾತ್ರ ತಟ್ಟೆ ಪಕ್ಕಕ್ಕಿಟ್ಟು ಝುಮ್ಮಿಯ ಖಾಲಿ ಪುಟ ತೆಗೆದಳು. ಮಂಜಿನ ಮೇಲೆ ಎರಡು ನೆರಳು ಬರೆದಳು. ಚಿಕ್ಕದರ ತಲೆಗೆ ಕೆಂಪು, ಹಳದಿ, ನೀಲಿ ಸುತ್ತಿದಳು. ದೊಡ್ಡದನ್ನ ಹಾಗೇ ಬಿಟ್ಟಳು.

"ನನ್ನದು ಎಲ್ಲಿ ಪುಟ್ಟಿ?" ಅಂದೆ.

"ನಿನ್ನದು ನನಗೆ ಕಾಣಲ್ವಲ್ಲಾ," ಅಂತ ಬಣ್ಣದ ಪೆನ್ಸಿಲ್ ಡಬ್ಬಿ ನನ್ನ ಕಡೆ ತಳ್ಳಿದಳು. "ನೀನೇ ಬರ್ಕೋ."