ಹೊಲಿಗೆ ಕ್ಲಾಸಿನ ಲೆಕ್ಕದ ಪುಸ್ತಕ

1983ರಲ್ಲಿ ಕೊಲ್ಲಾಪುರದಲ್ಲಿ ಹುಟ್ಟಿದ ಭಾನು ಅಥೈಯಾ ಅವರಿಗೆ ‘ಗಾಂಧಿ’ ಸಿನಿಮಾದ ಉಡುಪುಗಳಿಗಾಗಿ ಆಸ್ಕರ್ ಬಂತು. ನಾನಾಗ ಎಂಟನೇ ಕ್ಲಾಸು. ಬೆಳಗಾವಿ ಕಡೆಯ ನಮ್ಮ ಹೊಲಿಗೆ ಟೀಚರ್ ಪೇಪರ್ ಕಟಿಂಗ್ ತಂದು ಕಪಾಟಿನ ಬಾಗಿಲಿಗೆ ಅಂಟಿಸಿದರು. “ನಿಪ್ಪಾಣಿ ದಾಟಿದ್ರ ಕೊಲ್ಲಾಪುರ ಬಂತು. ಅಂದ್ರ ನಮ್ಮ ಕಡೆಯಾಕಿನ!” ಅಂದರು. ಮನೆ ಮಗಳಿಗೇ ಬಹುಮಾನ ಬಂದಷ್ಟು ಖುಷಿ ಅವರಿಗೆ.

ಆ ವರ್ಷದ ವಾರ್ಷಿಕೋತ್ಸವದಲ್ಲಿ ನಮ್ಮದು ಗದಾಯುದ್ಧ. ನನಗೆ ಪಾತ್ರ ಸಿಗಲಿಲ್ಲ, ಒಂದು ನೋಟ್‌ಬುಕ್ ಸಿಕ್ಕಿತು. ಯಾರಿಗೆ ಯಾವ ಕಿರೀಟ, ಎಷ್ಟು ಪಿನ್ನು, ಸೆರಗು ಯಾವ ಹೆಗಲಿಗೆ, ಎಲ್ಲ ಬರೆಯಬೇಕು. ಇದೂ ಒಂದು ಕೆಲಸವೇ ಎಂದು ಮುಖ ಊದಿಸಿಕೊಂಡೇ ಬರೆದೆ.

ಮುಂದೆ ಟೀವಿ ಧಾರಾವಾಹಿಗಳಿಗೆ ಕಾಸ್ಟ್ಯೂಮ್ ಮಾಡಲು ಹೋದಾಗ ಅನ್ನ ಕೊಟ್ಟದ್ದು ಅದೇ ಅಭ್ಯಾಸ. ಮುಂಬೈನ ಗೋರೆಗಾಂವ್ ಫಿಲ್ಮ್ ಸಿಟಿಯಲ್ಲಿ ಕತೆ ಸಾಲಾಗಿ ಶೂಟ್ ಆಗುವುದಿಲ್ಲ. ಹಾಲ್‌ನ ಸೆಟ್ ಹಾಕಿದರೆ ಹಾಲ್‌ನ ಸೀನುಗಳನ್ನೆಲ್ಲ ಒಟ್ಟಿಗೆ ಮುಗಿಸುತ್ತಾರೆ. ಬಾಗಿಲಾಚೆಯ ಸೀನು ನಾಲ್ಕು ದಿನ ಬಿಟ್ಟು. ಶುರುವಿನಲ್ಲಿ ಒಮ್ಮೆ, ಜ್ಞಾಪಕ ಇರುತ್ತೆ ಬಿಡು ಎಂದು ಬರೆಯದೇ ಬಿಟ್ಟೆ. ಸೊಸೆ ಹಸಿರು ಬ್ಲೌಸಿನಲ್ಲಿ ಅಳುತ್ತಾ ಹೊಸ್ತಿಲು ದಾಟಿದಳು, ಅಂಗಳಕ್ಕೆ ಕಾಲಿಟ್ಟಾಗ ನೀಲಿ ಬ್ಲೌಸು! ಎಡಿಟಿಂಗ್ ಟೇಬಲ್ಲಿನಲ್ಲಿ ಸಿಕ್ಕಿಬಿದ್ದೆ. ಬೈಗುಳ ಇಲ್ಲಿ ಬರೆಯುವಂಥದ್ದಲ್ಲ. ಮರುದಿನವೇ ದಾದರ್ ಸ್ಟೇಷನ್ ಹೊರಗೆ ದಪ್ಪ ನೋಟ್‌ಬುಕ್ ಕೊಂಡೆ. ಈಗ ಮೊಬೈಲಿನಲ್ಲಿ ಫೋಟೋ ಹೊಡೆಯುತ್ತೇವೆ, ಆದರೂ ಪುಸ್ತಕ ಬಿಟ್ಟಿಲ್ಲ.

ಉಳಿದದ್ದನ್ನು ಕ್ಯಾಮೆರಾ ಕಲಿಸಿತು. ಸಣ್ಣ ಗೆರೆಯ ಅಂಗಿ ಕಣ್ಣಿಗೆ ಚಂದ, ಪರದೆಯಲ್ಲಿ ಗೆರೆಗಳು ಹುಳದ ಹಾಗೆ ಹರಿದಾಡುತ್ತವೆ. ಅಚ್ಚ ಬಿಳಿ ಬಟ್ಟೆ ಲೈಟಿಗೆ ಕಣ್ಣು ಕುಕ್ಕುತ್ತದೆ, ಅದಕ್ಕೇ ಚಹಾದ ಡಿಕಾಕ್ಷನ್ನಿನಲ್ಲಿ ಅದ್ದಿ ತೆಗೆಯುತ್ತೇವೆ. ಗಂಜಿ ಹಾಕಿದ ಸೀರೆ ಮೈಕಿನಲ್ಲಿ ಸರಸರ ಸದ್ದು ಮಾಡುತ್ತದೆ. ಕ್ಲೋಸಪ್ಪಿನಲ್ಲಿ ಕಾಣುವುದು ಕತ್ತಿನವರೆಗೆ ಮಾತ್ರ, ಆದ್ದರಿಂದ ಬಜೆಟ್ ಕಡಿಮೆ ಇದ್ದರೆ ಸೀರೆ ಹಿಂದ್‌ಮಾತಾದ ಅಂಗಡಿಯದ್ದು, ಬ್ಲೌಸಿನ ಕುತ್ತಿಗೆಗೆ ಭುಲೇಶ್ವರದ ಒಳ್ಳೆಯ ಲೇಸು. ಸುಮ್ನೆ ಹೇಳುತ್ತಿಲ್ಲ, ಎಷ್ಟೋ ಶ್ರೀಮಂತ ಅತ್ತೆಯರ ದೌಲತ್ತು ಇಷ್ಟೇ. ಹೊಲಿಸುವಾಗ ಬ್ಲೌಸಿನ ಒಳಗೆ ಎರಡು ಇಂಚು ಬಟ್ಟೆ ಜಾಸ್ತಿ ಬಿಡಿಸುತ್ತೇನೆ. ಧಾರಾವಾಹಿ ವರ್ಷಗಟ್ಟಲೆ ಓಡಿದರೆ ನಾಯಕಿಯ ಅಳತೆ ಹಾಗೇ ಇರುತ್ತಾ?

ಡಿಸೈನರ್ ಅಂದರೆ ಚಿತ್ರ ಬಿಡಿಸುವವರು ಎಂದುಕೊಂಡು ಬರುವ ಹುಡುಗಿಯರಿಗೆ ನಾನು ಮೊದಲು ಕೊಡುವುದು ಪೆನ್ನು ಮತ್ತು ಸೇಫ್ಟಿ ಪಿನ್ನಿನ ಡಬ್ಬಿ. ಕೆಲವರು ಸಂಜೆಯೊಳಗೆ ಓಡಿಹೋಗಿದ್ದಾರೆ.

ಮೊನ್ನೆ ಟ್ರಂಕು ಖಾಲಿ ಮಾಡುವಾಗ ಶಾಲೆಯ ಆ ಹಳೆಯ ಪುಸ್ತಕ ಸಿಕ್ಕಿತು. ಎಲ್ಲದರ ಮುಂದೆಯೂ ಟೀಚರ್ ಕೆಂಪು ಶಾಯಿಯಲ್ಲಿ ಟಿಕ್ ಹಾಕಿದ್ದಾರೆ, ಒಂದು ಸಾಲು ಬಿಟ್ಟು: “ಗದೆ 1, ಭೀಮ, ವಾಪಸ್ ಬಂದಿಲ್ಲ.” ನಮ್ಮ ಶಾಲೆಯ ಪತ್ರಿಕೆಯ ಈ ಸಂಚಿಕೆ ಆ ಭೀಮನ ಕೈಗೂ ಸಿಗುತ್ತದೆ, ಅಲ್ವಾ? ಗದೆ ಇನ್ನೂ ಇದ್ದರೆ ತಂದುಕೊಡಪ್ಪ, ಟಿಕ್ ಹಾಕುತ್ತೇನೆ.