ಗುರ್ಜಾನಿಯಲ್ಲಿ ಒಬ್ಬ ಯೋಧನ ತಂದೆ

ಜಾರ್ಜಿಯಾ ದೇಶದ ರಾಜಧಾನಿ ತ್ಬಿಲಿಸಿಯಲ್ಲಿ ಕಳೆದ ನಾಲ್ಕು ದಿನಗಳಲ್ಲಿ ನೆನಪಿಡುವಂತಹದ್ದು ಒಂದೇ: ರುಸ್ತವೇಲಿ ರಂಗಮಂದಿರ. ಸೆರ್ಗೋ ಜಕಾರಿಯಾದ್ಜೆ ಎಂಬ ನಟ ಈಡಿಪಸ್ ಪಾತ್ರ ವಹಿಸಿದ್ದು ಅಲ್ಲಿಯೇ. ಆದರೆ ನಾನು ಜಾರ್ಜಿಯಾಕ್ಕೆ ಹೊರಟದ್ದು ಅವರ ರಂಗಭೂಮಿಯ ಕೀರ್ತಿಯನ್ನು ಅರಸಿ ಅಲ್ಲ. ಬಹಳ ವರ್ಷಗಳ ಹಿಂದೆ ನೋಡಿದ, 1964ರಲ್ಲಿ ರೆಜೋ ಚ್ಖೇಯಿದ್ಜೆ ನಿರ್ದೇಶಿಸಿದ, ಜಕಾರಿಯಾದ್ಜೆಯವರೇ ತಂದೆಯಾಗಿ ನಟಿಸಿದ ‘ಯೋಧನ ತಂದೆ’ ಎಂಬ ಕಪ್ಪುಬಿಳುಪು ಚಿತ್ರ ನನ್ನನ್ನು ಬಿಟ್ಟಿರಲಿಲ್ಲ. ಎರಡನೆಯ ಮಹಾಯುದ್ಧದಲ್ಲಿ ಗಾಯಗೊಂಡು ಆಸ್ಪತ್ರೆ ಸೇರಿದ ಮಗನನ್ನು ನೋಡಲು ಹೊರಡುವ, ಜಾರ್ಜಿಯಾದ ಕಾಖೇತಿ ಪ್ರಾಂತ್ಯದ ಮುದುಕನೊಬ್ಬ, ಅಲ್ಲಿಗೆ ತಲುಪುವಷ್ಟರಲ್ಲಿ ಮಗ ಮತ್ತೆ ರಣರಂಗಕ್ಕೆ ಹೋಗಿರುವುದನ್ನು ತಿಳಿದು, ತಾನೂ ಸೈನ್ಯಕ್ಕೆ ಸೇರಿ ಜರ್ಮನಿಯವರೆಗೆ ನಡೆಯುವ ಕಥೆ ಅದು. ಆ ದ್ರಾಕ್ಷಿ ಬೆಳೆಗಾರನ ನಾಡನ್ನು ಕಣ್ಣಾರೆ ಕಾಣಬೇಕೆಂಬ ಆಸೆ ನನ್ನದಾಗಿತ್ತು.

ಕಾಖೇತಿಯ ಊರಾದ ಗುರ್ಜಾನಿ ತ್ಬಿಲಿಸಿಯಿಂದ ಪೂರ್ವಕ್ಕೆ ನೂರು ಕಿಲೋಮೀಟರಿಗಿಂತ ತುಸು ಹೆಚ್ಚು ದೂರದಲ್ಲಿದೆ. ಅಲ್ಲಿಗೆ ಹೋಗುವುದು ಮಾರ್ಶ್ರುತ್ಕಾ ಎಂಬ ಸಣ್ಣ ವ್ಯಾನುಗಳಲ್ಲಿ. ನಾನು ಊರಿನ ಹೆಸರು ಹೇಳಿದಾಗ ಚಾಲಕ ತಲೆಯಾಡಿಸಿ ಹತ್ತಿಸಿಕೊಂಡ. ವ್ಯಾನು ಗೊಂಬೋರಿ ಕಣಿವೆಮಾರ್ಗವಾಗಿ ತೆಲಾವಿ ಎಂಬ ಬೇರೆಯೇ ಊರಿಗೆ ಹೋಗಿ ನಿಂತಿತು. ಅರ್ಧ ದಿನ ಹಾಳಾಯಿತು, ಆ ಬೇಸರ ಇನ್ನೂ ಹೋಗಿಲ್ಲ. ವ್ಯಾನಿನ ಮುಂದಿನ ಫಲಕ ಹೆಚ್ಚಾಗಿ ಜಾರ್ಜಿಯನ್ ಲಿಪಿಯಲ್ಲಿ ಇರುತ್ತದೆ. ಅದು ನಮ್ಮ ಅಕ್ಷರಗಳಂತೆಯೇ ದುಂಡಗಿದ್ದರೂ ಒಂದಕ್ಷರವೂ ಓದಲು ಬರುವುದಿಲ್ಲವಾದ್ದರಿಂದ, ಹೋಗುವವರು ಊರಿನ ಹೆಸರನ್ನು ಆ ಲಿಪಿಯಲ್ಲಿಯೇ ಚೀಟಿಯಲ್ಲಿ ಬರೆಸಿಕೊಂಡು, ಫಲಕದೊಂದಿಗೆ ಹೋಲಿಸಿ ನೋಡಿಯೇ ಹತ್ತಬೇಕು. ಎಲ್ಲರೂ ಹೊಗಳುವ ಸಿಘ್ನಾಘಿ ಪಟ್ಟಣವನ್ನೂ ನೋಡಿದೆ. ಪ್ರವಾಸಿಗರಿಗೆಂದೇ ಸಿಂಗರಿಸಿಟ್ಟಂತಿದ್ದ ಆ ಬೀದಿಗಳು ನನಗೆ ಹಿಡಿಸಲಿಲ್ಲ.

ಗುರ್ಜಾನಿಯ ಸ್ಮಾರಕದಲ್ಲಿ, ಶಿಲ್ಪಿ ಮೆರಾಬ್ ಬೆರ್ಡ್ಜೆನಿಶ್ವಿಲಿ ರೂಪಿಸಿದ ಆ ತಂದೆಯ ಬೃಹತ್ ಪ್ರತಿಮೆಯಿದೆ. ಜಕಾರಿಯಾದ್ಜೆ ಹುಟ್ಟಿದ್ದು 1909ರಲ್ಲಿ, ಇಂದಿನ ಅಜರ್‌ಬೈಜಾನಿನ ಬಾಕು ನಗರದಲ್ಲಿ. ಬಾಳಿದ್ದು ನಾಟಕಶಾಲೆಗಳಲ್ಲಿ, ಬಹುಕಾಲ ಮಾರ್ಜಾನಿಶ್ವಿಲಿ ರಂಗಮಂದಿರದಲ್ಲಿ, ಅನಂತರ ರುಸ್ತವೇಲಿಯಲ್ಲಿ. ಈ ಪಾತ್ರಕ್ಕಾಗಿ ಅವರಿಗೆ 1965ರಲ್ಲಿ ಮಾಸ್ಕೋ ಚಿತ್ರೋತ್ಸವದ ಶ್ರೇಷ್ಠ ನಟ ಪ್ರಶಸ್ತಿಯೂ ಮರುವರ್ಷ ಲೆನಿನ್ ಪ್ರಶಸ್ತಿಯೂ ಬಂದವು. 1971ರಲ್ಲಿ ತೀರಿಕೊಳ್ಳುವ ಮುನ್ನ ‘ವಾಟರ್‌ಲೂ’ ಚಿತ್ರದಲ್ಲಿ ಪ್ರಷ್ಯದ ಸೇನಾಪತಿ ಬ್ಲ್ಯೂಖರ್ ಕೂಡ ಆದರು. ಕಾಖೇತಿಯ ಜನ ಮಾತ್ರ ಅವರನ್ನು ತಮ್ಮ ಊರಿನ ರೈತನೆಂದೇ ಉಳಿಸಿಕೊಂಡಿದ್ದಾರೆ. ನಾನು ಉಳಿದುಕೊಂಡಿದ್ದ ಮನೆಯ ಯಜಮಾನರು, ಎಂಬತ್ತು ದಾಟಿದವರು, ನಟನ ಹುಟ್ಟೂರನ್ನು ನಾನು ಹೇಳಿದಾಗ ಒಪ್ಪಲೂ ಇಲ್ಲ, ಅಲ್ಲಗಳೆಯಲೂ ಇಲ್ಲ. “ಬಳ್ಳಿಯನ್ನು ಮುಟ್ಟುವುದು ಅವರಿಗೆ ಗೊತ್ತಿತ್ತು” ಎಂದಷ್ಟೇ ಹೇಳಿದರು.

ದ್ರಾಕ್ಷಿ ಕೊಯ್ಲಿನ ಕಾಲ ಅದು. ಅಂಗಳದ ನೆಲದಲ್ಲಿ ಕತ್ತಿನವರೆಗೆ ಹೂತಿದ್ದ ಕ್ವೆವ್ರಿ ಎಂಬ ಮಣ್ಣಿನ ಹಂಡೆಗಳಲ್ಲಿ ಹೊಸ ರಸ ಹುದುಗುತ್ತಿತ್ತು. ಅಜ್ಜ ಹೇಳುತ್ತಿದ್ದುದನ್ನು ಮೊಮ್ಮಗಳು ಇಂಗ್ಲಿಷಿನಲ್ಲಿ ನನಗೆ ತಿಳಿಸುತ್ತಿದ್ದಳು. ಅವರ ಮಾತಿನಲ್ಲಿ ಮತ್ತೆ ಮತ್ತೆ “ಮಾಮಾ” ಎಂಬ ಪದ ಬರುತ್ತಿದ್ದುದರಿಂದ, ಅವರು ಸೋದರಮಾವನ ವಿಷಯ ಹೇಳುತ್ತಿದ್ದಾರೆಂದು ನಾನು ಬಹಳ ಹೊತ್ತು ಭಾವಿಸಿದ್ದೆ. ಜಾರ್ಜಿಯನ್ ಭಾಷೆಯಲ್ಲಿ ಮಾಮಾ ಎಂದರೆ ತಂದೆ. ಚಿತ್ರದ ಮೂಲ ಹೆಸರಿನಲ್ಲಿರುವುದೂ ಅದೇ ಪದ. ಅಜ್ಜ ಇನ್ನೂ ಗರ್ಭದಲ್ಲಿರುವಾಗಲೇ ಯುದ್ಧಕ್ಕೆ ಹೋದ ಅವರ ತಂದೆ ಹಿಂದಿರುಗಲಿಲ್ಲ. ಎಲ್ಲಿ ಸತ್ತರೆಂಬುದೂ ತಿಳಿಯಲಿಲ್ಲ.

“ಊರಿಗೆ ಈ ಚಿತ್ರ ಬಂದಾಗ ಅಮ್ಮ ಮೂರು ಸಲ ನೋಡಿದಳು” ಎಂದರು. “ಟ್ಯಾಂಕು ದ್ರಾಕ್ಷಿತೋಟದ ಮೇಲೆ ಹರಿಯಲು ಬಂದಾಗ ಮುದುಕ ಅಡ್ಡ ನಿಲ್ಲುತ್ತಾನಲ್ಲ, ಆಗ ಅವಳೂ ಎದ್ದು ನಿಂತು ಬೈಯುತ್ತಿದ್ದಳು. ಆದರೆ ಒಮ್ಮೆಯೂ ಚಿತ್ರ ಮುಗಿಯುವವರೆಗೆ ಇರಲಿಲ್ಲ.”

ಕೊನೆಯಲ್ಲಿ, ಶತ್ರುಗಳಿರುವ ಕಟ್ಟಡವೊಂದರಲ್ಲಿ ತಂದೆಗೆ ಮೇಲಿನ ಅಂತಸ್ತಿನಿಂದ ಮಗ ಗೊದೇರ್ದ್ಜಿಯ ಧ್ವನಿ ಕೇಳುತ್ತದೆ. ಇಬ್ಬರೂ ಒಬ್ಬರನ್ನೊಬ್ಬರು ಕೂಗಿಕೊಳ್ಳುತ್ತಾರೆ. ತಂದೆ ಹತ್ತಿರ ಸೇರುವಾಗ ಮಗ ಬದುಕುಳಿಯುವ ಸ್ಥಿತಿಯಲ್ಲಿರುವುದಿಲ್ಲ. ಆ ಧ್ವನಿ ಕೇಳಿದೊಡನೆ ಅಜ್ಜನ ತಾಯಿ ಮಗನ ಕೈ ಹಿಡಿದು ಹೊರಗೆ ನಡೆದುಬಿಡುತ್ತಿದ್ದಳಂತೆ. “ಸಿಕ್ಕನಲ್ಲ, ಇನ್ನು ಮನೆಗೆ ಹೋಗೋಣ” ಎನ್ನುತ್ತಿದ್ದಳಂತೆ.

ನಾನು ಏನೂ ಕೇಳಲಿಲ್ಲ. ಅಜ್ಜ ಒಂದು ತುಂಡು ಚುರ್ಚ್‌ಖೇಲಾ ಮುರಿದುಕೊಟ್ಟರು. ದಾರದಲ್ಲಿ ಪೋಣಿಸಿದ ಅಕ್ರೋಟನ್ನು ದ್ರಾಕ್ಷಿರಸದ ಗಂಜಿಯಲ್ಲಿ ಅದ್ದಿ ಒಣಗಿಸಿದ ಆ ತಿನಿಸು ರಾಜಧಾನಿಯ ಅಂಗಡಿಗಳಲ್ಲಿ ಸಿಗುವುದಕ್ಕಿಂತ ಮೆತ್ತಗೆ, ಹದವಾಗಿ ಇತ್ತು.

ಆ ರಾತ್ರಿ ಮೊಮ್ಮಗಳು ನನಗಾಗಿ ಟಿವಿಯಲ್ಲಿ ಚಿತ್ರವನ್ನು ಹಾಕಿದಳು. ಜಕಾರಿಯಾದ್ಜೆಯವರ ಭಾರವಾದ ನಡಿಗೆಯನ್ನೂ ಆ ದಪ್ಪ ಮೀಸೆಯ ಕೆಳಗೆ ನಗು ಮೂಡಿ ಮರೆಯಾಗುವುದನ್ನೂ ಮೂವರೂ ಮಾತಿಲ್ಲದೆ ನೋಡುತ್ತಿದ್ದೆವು. ಮೇಲಿನ ಅಂತಸ್ತಿನಿಂದ ಮಗನ ಧ್ವನಿ ಕೇಳಿಸಿದಾಗ ಅಜ್ಜ ಮೆಲ್ಲನೆ ಎದ್ದು, ಕ್ವೆವ್ರಿಯ ಮುಚ್ಚಳ ನೋಡಿ ಬರುತ್ತೇನೆಂದು ಅಂಗಳಕ್ಕೆ ಹೋದರು. ಮೊಮ್ಮಗಳು ಚಿತ್ರವನ್ನು ನಿಲ್ಲಿಸಲಿಲ್ಲ. ಧ್ವನಿಯನ್ನು ಮಾತ್ರ ತಗ್ಗಿಸಿದಳು.